ಮೂರು ಸೆಂಟಿಮೀಟರ್ ನೆಮ್ಮದಿ

ಬಾಲಯೇಸುವಿನ ಬೊಂಬೆಯ ಕಿರುಬೆರಳು ಮುರಿದು ಅವತ್ತಿಗೆ ಸರಿಯಾಗಿ ಒಂದು ವರ್ಷ. ಲಿಬ್ರಾದೊನ ಅತ್ತೆ ದೊನ್ಯಾ ಎರ್ಮಿಲಾ ಅಳಿಯನ ಜೊತೆ ಮಾತು ಬಿಟ್ಟೂ ಅಷ್ಟೇ ದಿನ.

ಮಾತು ಬಿಟ್ಟಿದ್ದರು ಅಂದರೆ ಪೂರ್ತಿ ಬಿಟ್ಟಿರಲಿಲ್ಲ. ಒಂದೇ ಮೇಜಿನ ಎದುರುಬದುರು ಕೂತು, "ನೊಹೆಮೀ, ನಿನ್ನ ಗಂಡಂಗೆ ಹೇಳು, ಉಪ್ಪು ಈ ಕಡೆ ತಳ್ಳಲಿ" ಅನ್ನುತ್ತಿದ್ದರು. ಮಗಳು ಮನೆಯಲ್ಲಿ ಇಲ್ಲದಾಗ ಅದನ್ನೇ ನಾಯಿಗೆ ಹೇಳುತ್ತಿದ್ದರು. ನಾಯಿ ಲಿಬ್ರಾದೊನ ಮುಖ ನೋಡುತ್ತಿತ್ತು. ಲಿಬ್ರಾದೊ ಉಪ್ಪು ತಳ್ಳುತ್ತಿದ್ದ.

ಎಲ್ಲಕ್ಕೂ ಕಾರಣ ರಸ್ತೆಯ ಒಂದು ಹಂಪು. ಪಚೂಕಾ ಊರಿನ ಗುಡ್ಡ ಹತ್ತುವ ಆ ಬೀದಿಯಲ್ಲಿ, ಗ್ಯಾಸ್ ಸಿಲಿಂಡರ್ ಲಾರಿಯೊಂದು ದೊನ್ಯಾ ಎರ್ಮಿಲಾರ ಟರ್ಕಿ ಕೋಳಿಯನ್ನು ಕ್ರಿಸ್‌ಮಸ್‌ಗೆ ಮೂರೇ ದಿನ ಇರುವಾಗ ಚಪ್ಪಟೆ ಮಾಡಿತ್ತು. ಅವತ್ತೇ ಬೀದಿಯವರೆಲ್ಲ ಸೇರಿ, ಯಾರನ್ನೂ ಕೇಳದೆ, ಅವರ ಕಿಟಕಿಯ ನೇರಕ್ಕೆ ಸಿಮೆಂಟು ಸುರಿದು ಹಂಪು ಕಟ್ಟಿದ್ದರು. ಗ್ಯಾಸ್ ಲಾರಿ ಈಗಲೂ ಅದನ್ನು ಮೇಕೆಯ ಹಾಗೆ ಹಾರಿಕೊಂಡು ಹೋಗುತ್ತದೆ. ಸಿಕ್ಕಿಹಾಕಿಕೊಳ್ಳುವುದು ಲಿಬ್ರಾದೊನ ಕಾರು ಮಾತ್ರ.

ಕಾರು ನೋಡಲು ಗಟ್ಟಿಮುಟ್ಟಾಗಿತ್ತು. ಅರ್ಧ ಜೀಪು, ಅರ್ಧ ಕಾರು, ಸಂಸಾರಸ್ಥರ ಕ್ರಾಸೋವರ್. ಜಾಹೀರಾತಿನಲ್ಲಿ ಬಂಡೆಯ ಮೇಲೆ ಸಿಂಹದ ಹಾಗೆ ನಿಂತಿತ್ತು. ಈ ಹಂಪಿನ ಮೇಲೆ ಮಾತ್ರ ಕೆಸರಿನಲ್ಲಿ ಕೂತ ಎಮ್ಮೆ. ದಿನಾ ಸಂಜೆ ಆರೂಕಾಲಿಗೆ ಅದರ ಹೊಟ್ಟೆ ಹಂಪಿಗೆ ಉಜ್ಜಿ 'ಕರ್ರ್ರ್' ಅನ್ನುತ್ತಿತ್ತು. ಆ ಸದ್ದು ಕೇಳಿ ಎದುರುಮನೆಯವರು ಕಾಫಿಗೆ ನೀರಿಡುತ್ತಿದ್ದರು.

ಹೋದ ವರ್ಷ ಫೆಬ್ರವರಿ ಎರಡಕ್ಕೆ ಬಾಲಯೇಸುವಿನ ಬೊಂಬೆಗೆ ಹೊಸ ಬಟ್ಟೆ ತೊಡಿಸಿ, ಆಶೀರ್ವಾದ ಮಾಡಿಸಲು ದೊನ್ಯಾ ಎರ್ಮಿಲಾ ಹಿಂದಿನ ಸೀಟಿನಲ್ಲಿ ಕೂತು ಚರ್ಚಿಗೆ ಹೊರಟಿದ್ದರು. ಅವರ ಅಜ್ಜಿಯ ಕಾಲದ ಬೊಂಬೆ. ಹಂಪಿನ ಮೇಲೆ ಕಾರು ಕರ್ರ್ರ್ ಎಂದು ಸಿಕ್ಕಿ, ಎಗರಿ, ಕುಕ್ಕರಿಸಿತು. ಬೆರಳು ಟಕ್ ಎಂದಿತು.

ಬೆರಳಿಗೆ ಗೋಂದು ಹಚ್ಚಿದರು. ಅಳಿಯನಿಗೆ ಹಚ್ಚಲಿಲ್ಲ.

ಲಿಬ್ರಾದೊ ಸುಮ್ಮನೆ ಕೂರಲಿಲ್ಲ. ಅವನು ಕನ್ನಡಕದ ಅಂಗಡಿಯಲ್ಲಿ ಗಾಜು ಕೂರಿಸುವವನು, ಮಿಲಿಮೀಟರಿನಲ್ಲೇ ಉಸಿರಾಡುವವನು. ಮೊದಲು ಟೈರಿಗೆ ಗಾಳಿ ಜಾಸ್ತಿ ಹೊಡೆಸಿದ. ಒಂದು ವಾರ ಉಜ್ಜಲಿಲ್ಲ. ಆಮೇಲೆ ಮತ್ತೆ ಕರ್ರ್ರ್. ಮಳೆಗಾಲ ಮುಗಿದ ಮೇಲೆ ಒಂದು ಸೈಜು ದೊಡ್ಡ ಟೈರು ಹಾಕಿಸಿದ. ಒಂದು ತಿಂಗಳು ಸ್ವರ್ಗ. ಆಮೇಲೆ ಮತ್ತೆ ಕರ್ರ್ರ್. ಟೈರು ಸವೆದಿರಬೇಕು ಅಂದುಕೊಂಡ. ತನ್ನ ಹಣೆಬರಹ ಸವೆದಿರಬೇಕು ಅಂತಲೂ ಅಂದುಕೊಂಡ.

ಇವತ್ತು ಮತ್ತೆ ಫೆಬ್ರವರಿ ಎರಡು. ಮಧ್ಯಾಹ್ನ ಹನ್ನೆರಡಕ್ಕೆ ಚರ್ಚು. ಬೆಳಿಗ್ಗೆ ಅತ್ತೆ ಬೊಂಬೆಗೆ ಕಸೂತಿ ಅಂಗಿ ತೊಡಿಸುತ್ತಾ ನಾಯಿಗೆ ಹೇಳಿದರು: "ಇವತ್ತು ಮಗೂಗೆ ಏನೂ ಆಗ್ದೆ ಹೋಗಿ ಬಂದ್ರೆ, ಕೆಲವರ ಜೊತೆ ಮಾತಾಡೋದ್ರ ಬಗ್ಗೆ ಯೋಚ್ನೆ ಮಾಡ್ಬೋದು."

ಲಿಬ್ರಾದೊಗೆ ಅಷ್ಟೇ ಸಾಕಾಯಿತು. ಅಂಗಡಿಗೆ ರಜೆ ಹೇಳಿ, ಎಂಟು ಗಂಟೆಗೇ ಕಾರನ್ನು ಮೆಕ್ಯಾನಿಕ್ ನಾಬೊರ್‌ನ ಹತ್ತಿರ ಓಡಿಸಿದ. ಹೋಗುವಾಗಲೂ ಕರ್ರ್ರ್ ಅಂತು.

ನಾಬೊರ್‌ನ ಶೆಡ್ಡಿನಲ್ಲಿ ಹಳೇ ಟೈರಿನ ಮೇಲೆ ದೊನ್ ವುಲ್ಫ್ರಾನೊ ಕೂತಿದ್ದರು. ಗಣಿಯಲ್ಲಿ ಕೆಲಸ ಮಾಡಿ ನಿವೃತ್ತರಾದವರು, ಈಗ ಬೀದಿಯ ಸಮಿತಿಗೆ ಅಧ್ಯಕ್ಷರು. ಅವರಿಗೆ ಕಾರಿಲ್ಲ. ಆದರೆ ಎಲ್ಲರ ಕಾರಿನ ಬಗ್ಗೆಯೂ ಅಭಿಪ್ರಾಯ ಇತ್ತು.

"ಕಾರಿನ ಪುಸ್ತಕದಲ್ಲಿ ಗ್ರೌಂಡ್ ಕ್ಲಿಯರೆನ್ಸ್, ನೆಲಕ್ಕೂ ಹೊಟ್ಟೆಗೂ ನಡುವೆ, ಹದಿನೆಂಟು ಸೆಂಟಿಮೀಟರ್ ಅಂತಿದೆ ನಾಬೊರ್," ಲಿಬ್ರಾದೊ ಅಂದ. "ಹಂಪು ಹದಿನೈದೂ ಇಲ್ಲ. ಕಟ್ಟಿದ ದಿನ ನಾನೇ ಅಳ್ದಿದೀನಿ. ಮತ್ತೆ ಯಾಕೆ ಉಜ್ಜುತ್ತೆ?"

ನಾಬೊರ್ ನಕ್ಕ. ಒಂದು ಇಟ್ಟಿಗೆಯನ್ನು ನಿಲ್ಲಿಸಿ ಕಾರಿನ ಹೊಟ್ಟೆಯ ಕೆಳಗೆ ತಳ್ಳಿದ. ಇಟ್ಟಿಗೆಯ ಮೇಲೆ ಎರಡು ಬೆರಳು ಜಾಗ ಇತ್ತು.

"ಇದು ಖಾಲಿ ಕಾರು. ಈಗ ನೀನು ಹತ್ತು. ದೊನ್ ವುಲ್ಫ್ರಾನೊ, ನೀವೂ ಹಿಂದೆ ಕೂತ್ಕೊಳ್ಳಿ."

"ನಾನ್ಯಾಕಪ್ಪಾ?"

"ಅವನ ಅತ್ತೆ ಅಂದ್ಕೊಳ್ಳಿ."

ದೊನ್ ವುಲ್ಫ್ರಾನೊ ಮುಖ ಗಂಟಿಕ್ಕಿಕೊಂಡು, ಥೇಟ್ ಅತ್ತೆಯ ಹಾಗೆಯೇ ಕೂತರು. ಸ್ಪ್ರಿಂಗುಗಳು ನಿಟ್ಟುಸಿರು ಬಿಟ್ಟವು. ಕೆಳಗೆ ಇಟ್ಟಿಗೆ ಕಟಕ್ ಎಂದು ಸಿಕ್ಕಿಹಾಕಿಕೊಂಡಿತು.

"ನೋಡ್ದ್ಯಾ? ಪುಸ್ತಕ ಬರ್ಯೋನು ಬ್ರಹ್ಮಚಾರಿ. ಸಂಸಾರ ಹತ್ತಿಸ್ದ ಮೇಲೆ ಯಾವ ಕಾರೂ ಅಷ್ಟೆತ್ತರ ನಿಲ್ಲಲ್ಲ. ಜೊತೆಗೆ ನಿನ್ನ ಸ್ಪ್ರಿಂಗ್ ಮುದಿಯಾಗಿದೆ, ಸೈಲೆನ್ಸರ್ ಪೈಪು ಜೋತುಬಿದ್ದಿದೆ."

"ಏನ್ ಮಾಡೋದು ಹಾಗಾದ್ರೆ?"

"ಪೈಪು ಎತ್ತಿ ಕಟ್ತೀನಿ. ಸ್ಪ್ರಿಂಗ್ ಮೇಲೆ ದಪ್ಪ ಬಿಲ್ಲೆ ಕೂರಿಸ್ತೀನಿ. ಕಾರು ಮೇಲೇಳುತ್ತೆ."

"ಎಷ್ಟು ಮೇಲೇಳುತ್ತೆ?" ಇದನ್ನು ಕೇಳಿದ್ದು ಲಿಬ್ರಾದೊ ಅಲ್ಲ, ದೊನ್ ವುಲ್ಫ್ರಾನೊ.

"ಮೂರು ಸೆಂಟಿಮೀಟರ್."

ದೊನ್ ವುಲ್ಫ್ರಾನೊ ಜೇಬಿನಿಂದ ಪುಟ್ಟ ಪುಸ್ತಕ ತೆಗೆದು, ಪೆನ್ಸಿಲ್ ತುದಿಯನ್ನು ನಾಲಿಗೆಗೆ ಮುಟ್ಟಿಸಿ ಏನೋ ಬರೆದುಕೊಂಡರು. ಕಾರೇ ಇಲ್ಲದವರಿಗೆ ಇದೆಲ್ಲ ಯಾಕೆ ಎಂದು ಲಿಬ್ರಾದೊಗೆ ಒಂದು ಕ್ಷಣ ಅನ್ನಿಸಿತು. ಆದರೆ ಅಷ್ಟರಲ್ಲಿ ನಾಬೊರ್ ಮೊದಲ ಬೋಲ್ಟಿಗೆ ಕೈ ಹಾಕಿದ್ದ, ಬೋಲ್ಟು ತುಕ್ಕು ಹಿಡಿದಿತ್ತು.

ತುಕ್ಕು ಹಿಡಿದ ಆ ಬೋಲ್ಟು ಒಂಬತ್ತರವರೆಗಿನ ಹೊತ್ತು ನುಂಗಿತು. ಇನ್ನೊಂದು ಬೋಲ್ಟು ಹತ್ತರವರೆಗಿನದನ್ನು ನುಂಗಿತು. ಹತ್ತೂವರೆಗೆ ಒಂದು ಸ್ಪ್ರಿಂಗು ಹಿಡಿತ ತಪ್ಪಿ ಹಾರಿ, ರಸ್ತೆ ದಾಟಿ, ಎದುರಿನ ಬೇಕರಿಯ ಬಾಗಿಲಿಗೆ ಹೋಗಿ ನಿಂತಿತು. ಬೇಕರಿಯವಳು ಅದನ್ನು ಹಿಡಿದುಕೊಂಡು ಬಂದು, "ಇದು ನಿಮ್ಮದಾ? ಗಿರಾಕಿ ಅಂದ್ಕೊಂಡಿದ್ದೆ" ಅಂದಳು. ನೊಹೆಮಿ ಐದು ಸಲ ಫೋನ್ ಮಾಡಿದಳು. ಆರನೇ ಸಲ ಫೋನಿನಲ್ಲಿ ಬರೀ ನಾಯಿ ಬೊಗಳುವುದು ಕೇಳಿಸಿತು. ಅತ್ತೆಯ ಸಂದೇಶ ಅದು ಎಂದು ಲಿಬ್ರಾದೊಗೆ ಅರ್ಥವಾಯಿತು.

ಹನ್ನೊಂದೂ ನಲವತ್ತಕ್ಕೆ ಕಾರು ಹೊರಬಂತು. ಮದುವೆಗೆ ಹೈ ಹೀಲ್ಸ್ ಹಾಕಿಕೊಂಡ ಗಟ್ಟಿ ಹೆಂಗಸಿನ ಹಾಗೆ, ಎತ್ತರವಾಗಿ, ಸ್ವಲ್ಪ ತೂರಾಡುತ್ತಾ. ಎಡಕ್ಕೆ ಎಳೆಯುತ್ತಿತ್ತು. "ಅಲೈನ್‌ಮೆಂಟ್ ನಾಳೆ ನೋಡೋಣ," ನಾಬೊರ್ ಕೂಗಿದ. "ಇವತ್ತು ಬಲಕ್ಕೆ ತಿರುಗಿಸ್ತಾ ನೇರ ಹೋಗು!"

ಹಂಪಿಗೆ ಮುಂಚೆಯೇ ಮನೆ ಮುಂದೆ ಕಾರು ನಿಲ್ಲಿಸಿದರೆ ಹೊಸ ಸಮಸ್ಯೆ. ದೊನ್ಯಾ ಎರ್ಮಿಲಾರ ಕಾಲು ಕಾರಿಗೆ ಎಟುಕಲಿಲ್ಲ.

"ನೊಹೆಮೀ, ನಿನ್ನ ಗಂಡನ್ನ ಕೇಳು, ಇದು ಕಾರಾ ಇಲ್ಲಾ ಕುದುರೆನಾ?"

ಬಿಯರ್ ಕ್ರೇಟು ತಂದು ಬೋರಲು ಹಾಕಿದರು. ಅತ್ತೆ ಅದರ ಮೇಲೆ ನಿಂತು, ಬೊಂಬೆಯನ್ನು ಎರಡೂ ಕೈಯಲ್ಲಿ ತಲೆಯ ಮೇಲೆ ಎತ್ತಿ ಹಿಡಿದರು. ಮುಂದಿನಿಂದ ನೊಹೆಮಿ ಎಳೆದಳು. ಹಿಂದಿನಿಂದ ನೂಕುವ ಕೆಲಸಕ್ಕೆ ಲಿಬ್ರಾದೊ ಮುಂದಾದ. ಎಲ್ಲಿ ಕೈಯಿಡಬೇಕೆಂದು ತಿಳಿಯದೆ ನಿಂತ. ವರ್ಷದಿಂದ ಮಾತಿಲ್ಲದ ಅತ್ತೆಯನ್ನು ಮೊದಲ ಸಲ ಮುಟ್ಟಲು ಅದು ಸರಿಯಾದ ಜಾಗ ಆಗಿರಲಿಲ್ಲ. ಕೊನೆಗೆ ಶೆಡ್ಡಿನಿಂದ ಜೊತೆಗೇ ಬಂದಿದ್ದ ದೊನ್ ವುಲ್ಫ್ರಾನೊ, "ಗಣಿಯಲ್ಲಿ ಇದಕ್ಕಿಂತ ಭಾರದ್ದು ನೂಕಿದೀನಿ, ಪಕ್ಕಕ್ಕೆ ಸರಿಯಪ್ಪಾ" ಎಂದು ಬೆನ್ನು ಕೊಟ್ಟು ತಳ್ಳಿದರು. ಅತ್ತೆ ಒಳಗೆ ಬಿದ್ದರು. ಬೊಂಬೆ ನೆಟ್ಟಗಿತ್ತು.

ಕಾರು ಹಂಪಿನ ಕಡೆ ಹೊರಟಿತು. ಕಿಟಕಿಗಳಲ್ಲಿ ಬೀದಿಯ ಎಲ್ಲ ತಲೆಗಳೂ. ಅತ್ತೆ ಶಿಲುಬೆ ಗುರುತು ಮಾಡಿಕೊಂಡರು. ಮುಂದಿನ ಚಕ್ರ ಹತ್ತಿತು, ಇಳಿಯಿತು. ಹೊಟ್ಟೆ ಬಂತು. ಲಿಬ್ರಾದೊ ಕಣ್ಣು ಮುಚ್ಚಿದ.

ಏನೂ ಇಲ್ಲ.

ಹಿಂದಿನ ಚಕ್ರವೂ ಇಳಿಯಿತು. ಸದ್ದೇ ಇಲ್ಲ. ಬೀದಿಯ ತಲೆಗಳು ಒಂದನ್ನೊಂದು ನೋಡಿಕೊಂಡವು. ಚಪ್ಪಾಳೆ ಬರಬಹುದು ಅಂತ ಲಿಬ್ರಾದೊ ಕಾದ. ಬರಲಿಲ್ಲ. ತಲೆಗಳು ಒಂದೊಂದಾಗಿ ಒಳಗೆ ಸರಿದವು.

ಚರ್ಚಿಗೆ ಎಡಕ್ಕೆಳೆಯುತ್ತಾ ಹೋದರು, ಎಡಕ್ಕೆಳೆಯುತ್ತಾ ಬಂದರು. ಬೊಂಬೆಯ ಹತ್ತೂ ಬೆರಳು ಇದ್ದವು, ಅಂಟಿಸಿದ್ದೂ ಸೇರಿ. ಇಳಿಯುವಾಗ ಅತ್ತೆ ಮೊದಲ ಸಲ ಅಳಿಯನ ಮುಖ ನೋಡಿದರು. ಬಾಯಿ ತೆರೆದರು. ಮತ್ತೆ ಮುಚ್ಚಿಕೊಂಡರು. ಬರುತ್ತೆ, ಸಂಜೆಯೊಳಗೆ ಮಾತು ಬರುತ್ತೆ ಎಂದು ಲಿಬ್ರಾದೊ ಸಂತೋಷದಿಂದ ಸ್ಟೇರಿಂಗಿಗೆ ಮುತ್ತಿಟ್ಟ.

ಮಧ್ಯಾಹ್ನ ಬೀದಿಯವರೆಲ್ಲ ಅವರ ಮನೆಯಲ್ಲೇ. ಜನವರಿ ಆರರ ಹಬ್ಬದ ಬ್ರೆಡ್ಡಿನೊಳಗೆ ಬಚ್ಚಿಟ್ಟ ಪುಟ್ಟ ಬೊಂಬೆ ಯಾರ ತುಂಡಿನಲ್ಲಿ ಸಿಗುತ್ತದೋ, ಫೆಬ್ರವರಿ ಎರಡಕ್ಕೆ ಎಲ್ಲರಿಗೂ ಅವರೇ ತಮಾಲೆ ಎಂಬ ಮೆಕ್ಕೆಜೋಳದ ಕಡುಬು ಹಾಕಬೇಕು. ಈ ಸಲವೂ ಅದು ಲಿಬ್ರಾದೊನ ಹಲ್ಲಿಗೇ ಸಿಕ್ಕಿತ್ತು. ಜೋಳದ ಸಿಪ್ಪೆ ಬಿಚ್ಚಿ ಬಿಸಿಬಿಸಿ ತಮಾಲೆ ತಿನ್ನುತ್ತಾ ಎಲ್ಲರೂ ಗಂಭೀರವಾಗಿದ್ದರು. ದೊನ್ ವುಲ್ಫ್ರಾನೊ ಎದ್ದುನಿಂತು ಮೀಸೆಯ ಮೇಲಿನ ಮೆಣಸಿನ ಗೊಜ್ಜು ಒರೆಸಿಕೊಂಡರು.

"ನೋಡಿ, ಸಮಿತಿ ಒಂದು ವಿಷ್ಯ ಮಾತಾಡ್ಬೇಕು. ನಮ್ಮ ಹಂಪು ಕೆಟ್ಟೋಗಿದೆ."

"ಹೌದು ಹೌದು," ಎಲ್ಲರೂ ಅಂದರು. "ನಾವೂ ಕೇಳ್ಸ್ಕೊಂಡ್ವಿ. ಅಂದ್ರೆ, ಕೇಳ್ಸ್ಲೇ ಇಲ್ಲ."

"ಎಲ್ಲಿ ಕೆಟ್ಟಿದೆ?" ಲಿಬ್ರಾದೊ ಬೆಚ್ಚಿದ. "ಕಲ್ಲಿನ ಹಾಗಿದೆಯಲ್ಲ!"

"ಲಿಬ್ರಾದೊ, ನೀನು ಬೇಜಾರ್ ಮಾಡ್ಕೋಬೇಡ. ಈ ಬೀದಿಯಲ್ಲಿ ನಿನ್ನಷ್ಟು ಮೆಲ್ಲಗೆ ಓಡ್ಸೋನು ಯಾರೂ ಇಲ್ಲ. ನಿನ್ನ ಕಾರೇ ಉಜ್ಜಿದ್ರೆ ಜೋರಾಗಿ ಬರೋರ ಗತಿ ಏನು ಅಂತ ನಮ್ಮ ಲೆಕ್ಕ. ಅದಕ್ಕೇ ಮೊದಲಿಂದ್ಲೂ ನಮಗೆ ನಿನ್ನ ಕಾರೇ ಅಳತೆ. ನೀನು ಗಾಳಿ ಹೊಡೆಸ್ದಾಗ ಒಂದು ಪದರ ಬಳಿದ್ವಿ. ದೊಡ್ಡ ಟೈರು ಹಾಕ್ಸ್ದಾಗ ಎರಡು ಪದರ. ಈಗ..." ಅವರು ಪುಟ್ಟ ಪುಸ್ತಕ ತೆರೆದರು. "ಮೂರು ಸೆಂಟಿಮೀಟರ್."

ಲಿಬ್ರಾದೊನ ಕೈಯಲ್ಲಿದ್ದ ತಮಾಲೆ ತಟ್ಟೆಗೆ ಬಿತ್ತು. ಟೈರು ಸವೆದಿರಲಿಲ್ಲ. ಹಂಪು ಬೆಳೆದಿತ್ತು.

"ಗ್ಯಾಸ್ ಲಾರಿ ಯಾವಾಗ್ಲೂ ಹಾರ್ಕೊಂಡೇ ಹೋಗುತ್ತಲ್ರೀ!"

"ಅದಕ್ಕೇ ಹೇಳ್ತಿರೋದು, ಇನ್ನೂ ಎತ್ತರ ಬೇಕು ಅಂತ."

ಇನ್ನು ಉಳಿದದ್ದು ಪಾದ್ರೀನೊ ಯಾರು ಎನ್ನುವುದು. ಆ ಊರಲ್ಲಿ ಪಾದ್ರೀನೊ ಇಲ್ಲದೆ ಏನೂ ನಡೆಯದು. ಕೇಕಿಗೊಬ್ಬ, ಬ್ಯಾಂಡಿಗೊಬ್ಬ, ಹೂವಿಗೊಬ್ಬ, ಹೀಗೆ ಖರ್ಚನ್ನೂ ಗೌರವವನ್ನೂ ಒಟ್ಟಿಗೆ ಹೊರುವವನು. ಕರೆದರೆ ಒಲ್ಲೆ ಅನ್ನುವ ಹಾಗಿಲ್ಲ. ಎಲ್ಲ ಮುಖಗಳೂ ಲಿಬ್ರಾದೊನ ಕಡೆ ಪ್ರೀತಿಯಿಂದ ತಿರುಗಿದವು.

"ಸಿಮೆಂಟ್ ಪಾದ್ರೀನೊ ನೀನೇ ಕಣಪ್ಪಾ. ಕಾರು ಬೇರೆ ಇದೆ, ತರೋಕೂ ಅನುಕೂಲ."

ನಾಲ್ಕು ಗಂಟೆಗೆ ಲಿಬ್ರಾದೊ ನಾಲ್ಕು ಮೂಟೆ ಸಿಮೆಂಟು ಹೇರಿಕೊಂಡು ವಾಪಸ್ ಬರುತ್ತಿದ್ದ. ಪಕ್ಕದಲ್ಲಿ ನಾಬೊರ್, ಹಿಂದೆ ದೊನ್ ವುಲ್ಫ್ರಾನೊ. ತನ್ನ ಗಲ್ಲುಗಂಬದ ಮರವನ್ನು ತಾನೇ ಹೊತ್ತು ತರುವವನ ಮುಖ ಅವನದು. ಕಾರು ಹಂಪು ಹತ್ತಿತು.

ಕರ್ರ್ರ್ರ್!

ಲಿಬ್ರಾದೊ ಬಾಗಿಲು ತೆರೆದು ಹೊರಕ್ಕೆ ಹಾರಿದ. "ಉಜ್ಜ್ತು! ಉಜ್ಜ್ತು! ಎಲ್ಲಾ ಕೇಳ್ಸ್ಕೊಂಡ್ರಾ? ಇನ್ನೂ ಉಜ್ಜುತ್ತೆ! ಹಂಪು ಚೆನ್ನಾಗಿದೆ! ಎತ್ತರಿಸೋದೇ ಬೇಡ!" ಎಂದು ಕುಣಿದ. ಸ್ವಂತ ಕಾರಿನ ಹೊಟ್ಟೆ ಕಿತ್ತುಹೋದದ್ದಕ್ಕೆ ಹಾಗೆ ಕುಣಿದವನು ಪಚೂಕಾದಲ್ಲಿ ಇನ್ನೊಬ್ಬನಿಲ್ಲ.

ಎದುರುಮನೆಯಾಕೆ ಅಭ್ಯಾಸಬಲದಿಂದ ಕಾಫಿಗೆ ನೀರಿಟ್ಟು ಬಂದಳು. ಜನ ಸೇರಿತು. ದೊನ್ ವುಲ್ಫ್ರಾನೊ ನಿಧಾನವಾಗಿ ಇಳಿದು, ಗಡ್ಡ ಕೆರೆದುಕೊಂಡರು.

"ಉಜ್ಜಿದ್ದು ನಿಜ. ಆದ್ರೆ ಸಿಮೆಂಟಿನ ಭಾರಕ್ಕೆ ಉಜ್ಜಿದ್ದಾ, ಹಂಪಿಗೆ ಉಜ್ಜಿದ್ದಾ? ಇಳಿಸಿ ನೋಡಿ."

ನಾಲ್ಕೂ ಮೂಟೆಗಳನ್ನು ಹಂಪಿನ ಪಕ್ಕದಲ್ಲೇ ಇಳಿಸಿದರು. ಲಿಬ್ರಾದೊ ಕಾರನ್ನು ಹಿಂದಕ್ಕೆ ತೆಗೆದು, ನಾಬೊರ್‌ನನ್ನೂ ಬಲವಂತವಾಗಿ ಕೂರಿಸಿಕೊಂಡು, ಹೊಟ್ಟೆ ಉಬ್ಬಿಸಿ ಸಾಧ್ಯವಾದಷ್ಟು ಭಾರ ಮಾಡಿಕೊಂಡು ಮತ್ತೆ ಹತ್ತಿಸಿದ. ಉಜ್ಜು ತಂದೇ, ಉಜ್ಜು ಎಂದು ಬೇಡಿಕೊಂಡ.

ಕಾರು ಬೆಣ್ಣೆಯ ಮೇಲೆ ಚಾಕುವಿನ ಹಾಗೆ ದಾಟಿತು.

"ಪಾಪ," ಯಾರೋ ಅಂದರು. "ಮೂಟೆ ಹೆಂಗೂ ಇಲ್ಲೇ ಇಳ್ಸಿದೀವಲ್ಲ. ನೀರು ತನ್ನಿ."

ಒಂದು ಗಂಟೆಯಲ್ಲಿ ಕೆಲಸ ಮುಗಿಯಿತು. ದೊನ್ ವುಲ್ಫ್ರಾನೊ ಅಳತೆಪಟ್ಟಿ ಹಿಡಿದು, ಮೋಸ ಇರಬಾರದು ಎಂದು ಅರ್ಧ ಸೆಂಟಿಮೀಟರ್ ಜಾಸ್ತಿಯೇ ಹಾಕಿಸಿದರು. ಹಸಿ ಸಿಮೆಂಟಿನ ಮೇಲೆ ಮೊಳೆಯಿಂದ ದಿನಾಂಕ ಗೀಚಿ, ಕೆಳಗೆ ಚಂದದ ಅಕ್ಷರದಲ್ಲಿ 'ಪಾದ್ರೀನೊ: ಲಿಬ್ರಾದೊ' ಎಂದು ಬರೆದರು. ಎಲ್ಲರೂ ಈಗ ಚಪ್ಪಾಳೆ ತಟ್ಟಿದರು.

"ಐದು ಸೆಂಟಿಮೀಟರ್ ಬಿಲ್ಲೆನೂ ಇದೆ ನನ್ನತ್ರ," ನಾಬೊರ್ ಕಿವಿಯಲ್ಲಿ ಪಿಸುಗುಟ್ಟಿದ. "ನಾಳೆ ಬಾ."

ಪಿಸುಗುಟ್ಟಿದ್ದೇ ತಪ್ಪು. ಅತ್ತೆಯ ಕಿವಿ ಎಪ್ಪತ್ತೆಂಟು ವರ್ಷದ್ದಾದರೂ ಹೊಚ್ಚ ಹೊಸದರ ಹಾಗಿತ್ತು. ಕಿಟಕಿಯಲ್ಲಿ ಬಾಲಯೇಸುವನ್ನು ಎತ್ತಿಕೊಂಡು ನಿಂತಿದ್ದವರು ಒಂದು ವರ್ಷದ ನಂತರ ಮೊದಲ ಬಾರಿಗೆ ಮಗಳನ್ನೂ ನಾಯಿಯನ್ನೂ ಬಿಟ್ಟು ನೇರವಾಗಿ ಅವನನ್ನೇ ಕೂಗಿದರು.

"ಲಿಬ್ರಾದೊ! ಮಗಾ!"

ಲಿಬ್ರಾದೊನ ಕಣ್ಣಲ್ಲಿ ನೀರು ಬಂತು. "ಹೇಳಿ ಅತ್ತೆ!"

"ಅರ್ಧ ಮೂಟೆ ಸಿಮೆಂಟು ಉಳಿದಿದೆಯಲ್ಲ, ಅದನ್ನ ಒಳಗಿಡು. ನೆನೀಬಾರ್ದು. ನಾಡಿದ್ದು ಬೇಕಾಗುತ್ತೆ."