ಬಿರುದು ಮುಗಿಯುವ ತನಕ

ಒಂದು ರಾಜ್ಯವಿತ್ತು, ಬಹಳ ಹಿಂದೆ. ಎಷ್ಟು ಹಿಂದೆ ಎಂದು ಮಾತ್ರ ಕೇಳಬೇಡಿ; ಆ ರಾಜ್ಯದಲ್ಲಿ ಹಿಂದೆ ಮುಂದೆ ಎಂಬುದೇ ಕೆಟ್ಟುಹೋದ ಕಥೆ ಇದು.

ರಾಜ್ಯದ ಹೆಸರು ಸ್ವಸ್ತಿಪುರ. ದೊರೆ ಶ್ರೀಮನ್ಮಹಾರಾಜ ಜಯಘೋಷವರ್ಮ. ಹೇಳಿಕೊಳ್ಳುವಂಥದ್ದೇನನ್ನೂ ಮಾಡದಿದ್ದರೂ ಅವನಿಗೆ ನೂರ ಎಂಟು ಬಿರುದುಗಳಿದ್ದವು. ಪ್ರತಿವರ್ಷ ಪಟ್ಟಾಭಿಷೇಕದ ದಿನ ಅಷ್ಟನ್ನೂ ಅಮೃತಗಳಿಗೆಯೊಳಗೆ ಓದಿ ಮುಗಿಸಬೇಕೆಂಬುದು ಶಾಸ್ತ್ರ. ಆದರೆ ತೊಂಬತ್ತೊಂದನೆಯ ಬಿರುದಿಗೇ ಗಳಿಗೆ ಮುಗಿದು, ಉಳಿದವು ರಾಹುಕಾಲದ ಪಾಲಾಗುತ್ತಿದ್ದವು. ‘ಸುಗಮಪಥಪ್ರದಾತ’ ಎಂಬ ಬಿರುದು ವರ್ಷವರ್ಷವೂ ರಾಹುಕಾಲದಲ್ಲೇ ಬೀಳುತ್ತಿತ್ತು. ರಸ್ತೆಗಳು ಗುಂಡಿ ಬಿದ್ದಿರುವುದಕ್ಕೆ ಇದೇ ಕಾರಣವೆಂದು ಲೋಕೋಪಯೋಗಿ ಇಲಾಖೆ ವರದಿ ಕೊಟ್ಟಿತ್ತು.

ಗಳಿಗೆ ಅಳೆಯುವ ಕೆಲಸ ಮಾಚಯ್ಯನದು. ತಳದಲ್ಲಿ ಸೂಜಿಮೊನೆಯಷ್ಟು ತೂತಿರುವ ತಾಮ್ರದ ಬಟ್ಟಲನ್ನು ನೀರಿನಲ್ಲಿ ತೇಲಿಬಿಡುವುದು, ಅದು ತುಂಬಿ ಮುಳುಗಿದಾಗ ಜಾಗಟೆ ಬಾರಿಸುವುದು. ಅವನು ಕೂರುವ ಕಿಟಕಿಯಿಂದ ಕೋಟೆಯ ಕೆಳಗಿನ ಪೇಟೆ, ಅದರಲ್ಲಿ ಅವನ ಮನೆ, ಅಂಗಳದಲ್ಲಿ ಮಗಳು ಹೊನ್ನಿ ನೆಟ್ಟ ಬೇವಿನ ಸಸಿ ಎಲ್ಲವೂ ಕಾಣುತ್ತಿದ್ದವು. ಹೊನ್ನಿ ತಾಯಿಯಿಲ್ಲದ ಏಳು ವರ್ಷದ ಹುಡುಗಿ. ಆ ದಿನ ಬೆಳಿಗ್ಗೆ ಅವಳ ಮುಂದಿನ ಹಲ್ಲು ಅಲ್ಲಾಡುತ್ತಿತ್ತು.

"ಅಪ್ಪಾ, ಇವತ್ತು ಬಿದ್ದೋಯ್ತದೆ ನೋಡು. ನೀನು ಬರಗಂಟ ನಾಲಿಗೆನೂ ತಾಗ್ಸಲ್ಲ."

"ಬಿರುದು ಮುಗಿದ ಕೂಡ್ಲೆ ಬರ್ತೀನಿ ಕಣವ್ವ. ಇಬ್ರೂ ಸೇರಿ ಸೂರಿನ ಮ್ಯಾಲೆ ಎಸೆಯಾಣ."

ಅದೇ ವರ್ಷ ಕೆಳಪೇಟೆಯಲ್ಲಿ ಬಾವಿ ತೋಡುವಾಗ ಬೆಲ್ಲದ ಅಚ್ಚಿನಷ್ಟು ದೊಡ್ಡ ಬೂದುಗಲ್ಲೊಂದು ಸಿಕ್ಕಿತ್ತು. ಅದನ್ನಿಟ್ಟ ಕಡೆ ಹೊತ್ತು ಹೋಗುತ್ತಿರಲಿಲ್ಲ. ಆಸ್ಥಾನ ಅದಕ್ಕೆ ‘ಕಾಲಸ್ತಂಭನ ಶಿಲೆ’ ಎಂದು ನಾಮಕರಣ ಮಾಡಿ ತಜ್ಞರ ಸಮಿತಿ ರಚಿಸಿತು. ಶಿಲೆಯು ಕಾಲವನ್ನು ಹುಟ್ಟಿಸುವುದಿಲ್ಲ, ಸುತ್ತಲಿನವರ ಕಾಲವನ್ನು ಎಳೆದುಕೊಳ್ಳುತ್ತದೆ ಎಂದು ಸಮಿತಿ ಅನುಬಂಧದಲ್ಲಿ ಬರೆದಿತ್ತು. ಅನುಬಂಧ ಓದುವ ಪದ್ಧತಿ ಆ ರಾಜ್ಯದಲ್ಲಿ ಇರಲಿಲ್ಲ.

ತೊಂಬತ್ತೊಂದನೆಯ ಬಿರುದಿಗೆ ಬಟ್ಟಲು ಇನ್ನೇನು ಮುಳುಗಬೇಕು, ಕಾಲಾಭಿವೃದ್ಧಿ ಸಚಿವ ಚತುರಾನಂದ ಶಿಲೆಯನ್ನು ನೀರಿಗಿಳಿಸಿದ. ಬಟ್ಟಲು ನಿಂತಲ್ಲೇ ನಿಂತಿತು. ನೂರ ಎಂಟೂ ಸಾಂಗವಾಗಿ ಮುಗಿದವು. ದೊರೆ ಕಿರೀಟ ಸರಿಮಾಡಿಕೊಂಡು ಏಳುವುದರಲ್ಲಿದ್ದ.

"ಪ್ರಭು, ಇಷ್ಟು ಒಳ್ಳೆಯ ಮುಹೂರ್ತ ಇನ್ನೂ ಮಿಕ್ಕಿದೆ," ಎಂದ ಚತುರಾನಂದ. "ಪೋಲು ಮಾಡುವುದು ಸರಿಯಲ್ಲ."

ದೊರೆ ಮತ್ತೆ ಕುಳಿತ. ಹೊಸ ಬಿರುದುಗಳು ಶುರುವಾದವು.

ಮಾಚಯ್ಯ ಕಿಟಕಿಯಾಚೆ ನೋಡಿದ. ಬೇವಿನ ಸಸಿ ಸೂರಿನ ಎತ್ತರಕ್ಕೆ ಬಂದಿತ್ತು. ಕಣ್ಣುಜ್ಜಿಕೊಂಡು ನೋಡುವಾಗ ಮನೆಯ ಮುಂದೆ ತೆಂಗಿನ ಗರಿಯ ಚಪ್ಪರ ಎದ್ದಿತ್ತು. ಆಸ್ಥಾನಕವಿ ‘ಸರ್ವಜನಪಿತ’ ಎಂಬ ಬಿರುದನ್ನು ರಾಗವಾಗಿ ಹೇಳಿ ಮುಗಿಸುವಷ್ಟರಲ್ಲಿ ಅದನ್ನು ಬಿಚ್ಚಿಯೂ ಆಗಿತ್ತು. ಮಗಳ ಮದುವೆಯನ್ನು ಅವನು ನೋಡಿದ್ದು ಅಷ್ಟೇ.

 ಅವನು ಎದ್ದು ಸಚಿವನ ಹತ್ತಿರ ಹೋದ.

"ಬುದ್ಧೀ, ಕೆಳಗಡೆ ವರ್ಷಗಳು ಉರುಳ್ತಾ ಅವೆ. ಕಲ್ಲು ತೆಗೀಬೇಕು. ನನ್ನ ಮಗಳು ಕಾಯ್ತಾ ಅವಳೆ."

ಸಚಿವ ಕಿಟಕಿಯಿಂದ ಇಣುಕಿದ. ಹೆಂಚಿನ ಮನೆಗಳು ಮಹಡಿಯಾಗುತ್ತಿದ್ದವು, ಮಕ್ಕಳು ಮುದುಕರಾಗುತ್ತಿದ್ದರು. ಅವನು ಕಣ್ಣರಳಿಸಿಕೊಂಡು ಸಿಂಹಾಸನದ ಬಳಿ ಓಡಿದ.

"ಪ್ರಭು, ತಮ್ಮ ಒಂದೇ ಮುಹೂರ್ತದಲ್ಲಿ ಪ್ರಜೆಗಳು ಮೂವತ್ತು ವರ್ಷ ಮುಂದೆ ಹೋಗಿದ್ದಾರೆ. ಈ ಬೆಳವಣಿಗೆ ದರ ಯಾವ ರಾಜ್ಯದಲ್ಲೂ ಇಲ್ಲ."

"ಅವರು ಏನನ್ನುತ್ತಾರೆ?"

"ಕಾಲ ಕೆಟ್ಟುಹೋಯಿತು ಅನ್ನುತ್ತಾರೆ, ಪ್ರಭು. ಅದನ್ನು ಯಾವಾಗಲೂ ಅನ್ನುತ್ತಾರೆ."

ದೊರೆಗೆ ‘ಕ್ಷಿಪ್ರಾಭಿವೃದ್ಧಿಭಾಸ್ಕರ’ ಎಂಬ ಬಿರುದು ಬಿತ್ತು. ಮಾಚಯ್ಯನಿಗೆ ಹೋಗಿ ಕೂರಲು ಅಪ್ಪಣೆಯಾಯಿತು. ಕೂತ. ಒಂದು ಬೆರಳು ಒತ್ತಿದರೆ ಬಟ್ಟಲು ಮುಳುಗುತ್ತಿತ್ತು. ಆಜ್ಞೆ ಮೀರಿ ಗೊತ್ತಿಲ್ಲದವನು ಅವನು; ಆ ಬೆರಳು ಮುಂದಾಗುವಷ್ಟರಲ್ಲಿ ಅರವತ್ತು ಬಿರುದುಗಳು ಕಳೆದಿದ್ದವು. ಕೊನೆಗೆ ಬಟ್ಟಲನ್ನು ಅದುಮಿ ಮುಳುಗಿಸಿದ, ಕಲ್ಲನ್ನೆತ್ತಿ ನೆಲದ ಮೇಲಿಟ್ಟು ಜಾಗಟೆ ಬಾರಿಸಿದ. ಇನ್ನೂರ ಏಳನೆಯ ಬಿರುದಿಗೆ ಓದು ನಿಂತಿತು.

ಸಭೆ ದಂಗಾಯಿತು. ಶಿರಶ್ಛೇದ ಮಾಡಬೇಕೆಂದು ಸೇನಾಪತಿ ಹೇಳಿದ. ಅಷ್ಟರಲ್ಲಿ ಸಿಬ್ಬಂದಿ ಇಲಾಖೆಯಿಂದ ಕಡತ ಬಂತು. ಕಚೇರಿ ಕೆಳಪೇಟೆಯಲ್ಲಿದ್ದುದರಿಂದ ಅಲ್ಲಿನ ದಾಖಲೆಯ ಪ್ರಕಾರ ಮಾಚಯ್ಯನಿಗೆ ತೊಂಬತ್ತೆಂಟು ವರ್ಷ ತುಂಬಿತ್ತು. ಇಷ್ಟು ವಯಸ್ಸಾದವನ ತಲೆ ತೆಗೆಯಲು ನಿಯಮದಲ್ಲಿ ಅವಕಾಶವಿರಲಿಲ್ಲ. ಕಪ್ಪು ಕೂದಲಿನ ಮಾಚಯ್ಯನಿಗೆ ಶಾಲು ಹೊದಿಸಿ, ಕೈಗೊಂದು ನಿಂಬೆಹಣ್ಣು ಕೊಟ್ಟು ನಿವೃತ್ತಿಗೊಳಿಸಿದರು.

ಆಮೇಲೆ ರಾಜಾಜ್ಞೆ ಹೊರಟಿತು. ಪಾಯಸದ ವಿರಾಮದ ನಂತರ ಅದೇ ಮುಹೂರ್ತ ಮುಂದುವರಿಯತಕ್ಕದ್ದು. ಹೊಸ ಗಳಿಗೆಯವನು ಕಿಟಕಿಗೆ ಬೆನ್ನು ಹಾಕಿ ಕೂರತಕ್ಕದ್ದು. ಬೇಕಾಗುವ ಕಾಲವನ್ನು ಕೆಳಪೇಟೆಯ ಜನ ಸ್ವಯಂಪ್ರೇರಿತರಾಗಿ ಒದಗಿಸತಕ್ಕದ್ದು.

ಮಾಚಯ್ಯ ಕೋಟೆಯ ಮೆಟ್ಟಿಲಿಳಿದು ಓಡಿದ. ಬೇವಿನ ಮರ ಬೀದಿಗೆಲ್ಲ ನೆರಳಾಗಿತ್ತು. ಜಗಲಿಯ ಮೇಲೆ ಬೊಚ್ಚುಬಾಯಿಯ ಮುದುಕಿಯೊಬ್ಬಳು ಕೂತಿದ್ದಳು. ಕಣ್ಣಿಗೆ ಕೈ ಅಡ್ಡ ಹಿಡಿದು ಅವನನ್ನೇ ನೋಡಿದಳು.

"ಯಾರಪ್ಪಾ ನೀನು?"

ದಾರಿಹೋಕನನ್ನು ಯಾರಾದರೂ ಕೇಳುವುದು ಹಾಗೆಯೇ. ಆದರೂ ಆ ಮಾತಿನಲ್ಲಿ ಒಂದು ಅಪ್ಪಾ ಇತ್ತು. ಮಾಚಯ್ಯ ಅದನ್ನು ಕೇಳಿಸಿಕೊಂಡು ನಿಂತ.  ತಲೆಯೆತ್ತಿದರೆ ಸೂರಿನ ಅಂಚಿನಲ್ಲಿ ಮಾಸಿದ ಬಟ್ಟೆಯ ಪುಟ್ಟ ಗಂಟೊಂದು ತೂಗುತ್ತಿತ್ತು. ಕೈ ಚಾಚಿದ.

"ಅದನ್ನ ಮುಟ್ಟಬ್ಯಾಡ ಮಗಾ," ಎಂದಳು ಹೊನ್ನಿ. "ನನ್ನ ಹಲ್ಲು ಅದು. ನಮ್ಮಪ್ಪ ಬಂದ್ಮ್ಯಾಲೆ ಎಸೆಯಾದು. ಬಿರುದು ಮುಗಿದ ಕೂಡ್ಲೆ ಬರ್ತೀನಿ ಅಂದವ್ನೆ."

ಕೋಟೆಯ ಮೇಲಿನಿಂದ ಪಾಯಸದ ವಿರಾಮ ಮುಗಿದ ಜಾಗಟೆ ಕೇಳಿಸಿತು. ಇನ್ನೂರ ಎಂಟನೆಯ ಬಿರುದು ಶುರುವಾಯಿತು.