ತವರಿಗೆ ಟಿಕೀಟು

ವಸ್ತುಗಳಿಗೂ ಹಣೆಬರಹ ಇರುತ್ತದೆಂದು ನಾನು ನಂಬತೊಡಗಿದ್ದು ನಿವೃತ್ತಿಯ ನಂತರ. ನಮ್ಮ ಮನೆಯಲ್ಲಿ ಹಳೆಯ ಕಂದೀಲು, ಕಾಲು ಮುರಿದ ಕುರ್ಚಿ ಕಂಡರೆ ನನ್ನ ಹೆಂಡತಿ ಗುಜರಿಯವನನ್ನು ಕೂಗುತ್ತಾಳೆ. ಅವೇ ಸಾಮಾನು ದೊಡ್ಡವರ ಮನೆಯಲ್ಲಿದ್ದರೆ ಅವಕ್ಕೆ ಗಾಜಿನ ಪೆಟ್ಟಿಗೆ, ಕಾಯಲು ನನ್ನಂಥ ಮಾಜಿ ಮಾಸ್ತರ! ಹಾನಗಲ್ಲಿನಿಂದ ತಿಳವಳ್ಳಿ ಕಡೆಗೆ ಹೋಗುವ ದಾರಿಯ ಒಂದು ಊರಲ್ಲಿ ದೇಸಾಯರು ತಮ್ಮ ಹಿರಿಯರು ಬಾಳಿದ ವಾಡೆಯನ್ನೇ ವಸ್ತುಸಂಗ್ರಹಾಲಯ ಮಾಡಿದ್ದಾರೆ. ಬಂದವರಿಗೆ ಎಲ್ಲವನ್ನೂ ವಿವರಿಸುವುದು, ಯಾವುದನ್ನೂ ಮುಟ್ಟಗೊಡದಿರುವುದು ನನ್ನ ಕೆಲಸ. ವಿವರಿಸುವುದಕ್ಕಿಂತ ಮುಟ್ಟಬೇಡಿ ಎನ್ನುವುದರಲ್ಲೇ ನನಗೆ ಹೆಚ್ಚು ಸುಖ. ಶಾಲೆಯ ಚಟ, ಅಷ್ಟು ಬೇಗ ಬಿಡುವುದಿಲ್ಲ.

ಮಧ್ಯಾಹ್ನವಾದರೆ ವಾಡೆ ತೂಕಡಿಸುತ್ತದೆ. ಬಣ್ಣದ ಗಾಜಿನ ಕಿಟಕಿಯಿಂದ ಕೆಂಪು, ಹಸಿರು ಬಿಸಿಲು ಇಳಿದು ನೆಲದ ಮೇಲೆ ನಿಧಾನವಾಗಿ ತೆವಳುತ್ತಿರುತ್ತದೆ. ಅಂಥ ಹೊತ್ತಿನಲ್ಲಿ ಒಬ್ಬ ಮುದುಕಿ ಒಳಗೆ ಬಂದರು. ಇಳಕಲ್ ಸೀರೆ, ಕೈಯಲ್ಲಿ ಟಿಕೀಟು. ಖಡ್ಗಗಳನ್ನು ನೋಡಲಿಲ್ಲ, ಪಲ್ಲಕ್ಕಿಯನ್ನು ನೋಡಲಿಲ್ಲ. ನೇರವಾಗಿ ಪಡಸಾಲೆಯ ತೂಗುಮಂಚದ ಹತ್ತಿರ ಹೋಗಿ, ಅಡ್ಡ ಕಟ್ಟಿದ್ದ ಹಗ್ಗ ಹಿಡಿದುಕೊಂಡು ನಿಂತರು. ನಾನು ಗಂಟಲು ಸರಿಮಾಡಿಕೊಂಡು ನನ್ನ ಎಂದಿನ ಮಾತು ಹೇಳಿದೆ: ಮುಟ್ಟಬೇಡಿ.

"ಮುಟ್ಟಂಗಿಲ್ಲೇನ್ರಿ?" ಎಂದರು ಅವರು ಮೆಲ್ಲಗೆ. "ನಾ ಇದರ ಮ್ಯಾಲೇ ಆಡಿ ಬೆಳೆದಾಕಿ."

ವಿಚಾರಿಸಿದರೆ, ಈಗಿನ ದೇಸಾಯರ ಸೋದರತ್ತೆ ಅವರು. ರಟ್ಟೀಹಳ್ಳಿಗೆ ಕೊಟ್ಟ ಮಗಳು. ಹೇಳದೆ ಬಂದಿದ್ದರು. ಬಾಗಿಲಲ್ಲಿದ್ದ ಹೊಸ ಹುಡುಗಿ ಗುರುತು ಸಿಗದೆ ಟಿಕೀಟು ಹರಿದು ಕೊಟ್ಟಿದ್ದಳು. ಇವರೂ ವಾದ ಮಾಡದೆ ಕೊಂಡಿದ್ದರು. ನನಗೆ ನಾಚಿಕೆಯಾಯಿತು. ಆದರೆ ಹಗ್ಗ ಬಿಚ್ಚಬಾರದೆಂದು ದೇಸಾಯರು ಕಟ್ಟುನಿಟ್ಟಾಗಿ ಹೇಳಿದ್ದರು. ಜಿಲ್ಲೆಯ ಸಾಹೇಬರೊಬ್ಬರಿಗೇ ಕೂಡಲು ಬಿಡದೆ ನಾನು ಶಹಬ್ಬಾಸ್ ಗಿಟ್ಟಿಸಿದ್ದೆ. ಕೆಲಸ ಹೋದರೆ ಹೆಂಡತಿಗೆ ಏನು ಹೇಳಲಿ ಎಂದು ಯೋಚಿಸುತ್ತಿರುವಾಗಲೇ ನನ್ನ ಕೈ ಹಗ್ಗದ ಗಂಟು ಬಿಚ್ಚುತ್ತಿತ್ತು.

ಅತ್ತೆಯವರು ಕುಳಿತರು. ಸರಪಳಿ ಒಂದು ಸಲ ನರಳಿ ಸುಮ್ಮನಾಯಿತು. ಮಂಚ ಅಷ್ಟಷ್ಟೇ ತೂಗುತ್ತಿದ್ದಂತೆ ಅವರು ಕಾಲು ಮೇಲೆಳೆದುಕೊಂಡು, ಸೆರಗನ್ನೇ ದಿಂಬು ಮಾಡಿ ಮಲಗಿಬಿಟ್ಟರು. ಹಸಿರು ಬಿಸಿಲು ಅವರ ಬಿಳಿ ಕೂದಲನ್ನು ಹಾದು ಹೋಗಿ ಮತ್ತೆ ಬರುತ್ತಿತ್ತು. ಆ ಹೊತ್ತಿಗೆ ಸವಣೂರಿನ ಒಂದು ಕುಟುಂಬ ಬಂತು. ಅವರ ಮನೆಯ ಹಿರಿಯಾಕೆ ಇದನ್ನು ನೋಡಿ ಬಾಯಿಗೆ ಬೆರಳಿಟ್ಟು ಉಳಿದವರನ್ನು ಸುಮ್ಮನಿರಿಸಿದರು. ನಾನು ಪಲ್ಲಕ್ಕಿಯ ಚರಿತ್ರೆಯನ್ನು ಪಿಸುದನಿಯಲ್ಲಿ ಹೇಳಬೇಕಾಯಿತು.

ಸವಣೂರಿನವರು ಹೋದ ಮೇಲೆ ದೇಸಾಯರೇ ಬಂದರು. ಬಿಚ್ಚಿದ್ದ ಹಗ್ಗ ನೋಡಿದರು, ನನ್ನನ್ನು ನೋಡಿದರು, ಅತ್ತೆಯ ಮುಷ್ಟಿಯಲ್ಲಿದ್ದ ಟಿಕೀಟನ್ನೂ ನೋಡಿದರು. ಮುಖ ಸಣ್ಣದಾಯಿತು. ಚಪ್ಪಲಿ ಕಳಚಿ ನೆಲಕ್ಕೆ ಕುಳಿತು, ನಿಂತುಹೋಗಿದ್ದ ಮಂಚವನ್ನು ಕೈಯಿಂದ ಮೆಲ್ಲಗೆ ತೂಗತೊಡಗಿದರು. ಅತ್ತೆ ಕಣ್ಣು ತೆರೆಯದೆಯೇ, "ಊಟಾತೇನೋ?" ಎಂದರು. "ಆತ್ರಿ ಅತ್ತಿ, ಮಲ್ಕೋರಿ" ಎಂದರು ದೇಸಾಯರು.

ಆ ಹಗ್ಗವನ್ನು ಮತ್ತೆ ಕಟ್ಟುವಂತೆ ಅವರು ಹೇಳಲಿಲ್ಲ, ನಾನೂ ಕೇಳಲಿಲ್ಲ. ಸಂಜೆ ಮನೆಗೆ ಬಂದು ಇದನ್ನೆಲ್ಲ ಹೆಂಡತಿಗೆ ಸ್ವಲ್ಪ ಬಣ್ಣ ಕಟ್ಟಿಯೇ ಹೇಳಿದೆ. ನನ್ನ ಧೈರ್ಯದ ಭಾಗ ತುಸು ಉದ್ದವಾಯಿತು. ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ಪೂರ್ತಿ ಕೇಳಿದಳು. ಆಮೇಲೆ ಒಂದೇ ಮಾತು ಕೇಳಿದಳು: "ತವರಿಗೆ ಬಂದಾಕಿಗೆ ಒಂದು ಕಪ್ ಚಾ ಆದ್ರೂ ಕೊಟ್ರೋ ಇಲ್ಲೋ?"

ವಾಡೆಯಲ್ಲಿ ಒಂದು ಕಪಾಟಿನ ತುಂಬ ಚಿನ್ನದ ಅಂಚಿನ ಪಿಂಗಾಣಿ ಕಪ್ಪು-ಬಸಿಗಳಿವೆ. ಈ ಮನೆತನ ಬಂದವರನ್ನು ಹೇಗೆ ಉಪಚರಿಸುತ್ತಿತ್ತು ಎಂದು ಅವುಗಳ ಮುಂದೆ ನಿಂತು ದಿನವೂ ಬಾಯಿ ತುಂಬ ಹೇಳುವವನು ನಾನೇ.