ಮಾವನ ಸಾವುಗಳು

ನಮ್ಮ ಮಾವ ಸತ್ತಷ್ಟು ಸಲ ಇನ್ಯಾರೂ ಸತ್ತಿರಲಾರರು. ಗಾಬರಿ ಬೇಡ, ಅದು ಅವರ ಕಸುಬು. ಅಪ್ಪಟ ಇಂಗ್ಲೆಂಡಿನವರು. ಲಂಡನ್ನಿನಲ್ಲಿ ನರ್ಸ್ ಆಗಿದ್ದ ನಮ್ಮ ಮೈಸೂರಿನ ಸೋದರತ್ತೆಯನ್ನು ಮದುವೆಯಾಗಿ, ನಲವತ್ತು ವರ್ಷ ಅಲ್ಲಿನ ಟಿವಿ ಧಾರಾವಾಹಿಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದವರು. ಪೋಸ್ಟ್‌ಮ್ಯಾನ್, ಪಾದ್ರಿ, ತೋಟದ ಮಾಲಿ, ಯಾರಾದರೇನು, ಎರಡನೇ ದೃಶ್ಯದೊಳಗೆ ಅವರ ಕೊಲೆಯಾಗಿರುತ್ತಿತ್ತು. ಕೊಲೆಗಾರನನ್ನು ಹುಡುಕುವ ನಟನಿಗೆ ಹೆಸರು ಬಂತು. ಹೆಣಕ್ಕೆ ಎಲ್ಲಿಯ ಹೆಸರು?

ಈಗ ಇಂಗ್ಲೆಂಡ್ ಬಿಟ್ಟು, ನಾನಿರುವ ಊರಿಗೆ ಹತ್ತಿರದ ಲಿನ್‌ವುಡ್‌ನಲ್ಲಿ ಮಗಳ ಮನೆಯಲ್ಲಿದ್ದಾರೆ. ಒಮ್ಮೆ ಓವರ್‌ಲೇಕ್ ಬಡಾವಣೆಯ ನನ್ನ ಗೆಳೆಯರು ಅವರ ಹಳೆಯ ಧಾರಾವಾಹಿಯೊಂದನ್ನು ಹಾಕಿಸಿ ನೋಡಿದರು. ಮುಗಿಯುತ್ತ ಬಂದರೂ ಮಾವ ಕಾಣಲಿಲ್ಲ.

"ಅಂಕಲ್, ನೀವೆಲ್ಲಿ?"

"ಆಗ್ಲೇ ಬಂದುಹೋದೆ. ಸೋಫಾ ಹಿಂದೆ ಎರಡು ಕಾಲು ಇತ್ತಲ್ಲ?"

"ಆ ಸಾಕ್ಸ್ ತೂತು ಹೊಲಿದಿದ್ದು ನಾನು," ಎಂದರು ಅತ್ತೆ. "ಇವರಿಗಿಂತ ನನ್ನ ಹೊಲಿಗೇನೇ ಚೆನ್ನಾಗಿ ಕಾಣ್ಸಿದೆ."

ನಾನೋ ಹುಟ್ಟಾ ಪುಕ್ಕಲ. ಹಲ್ಲುನೋವು ಬಂದರೆ ವಿಲ್ ಬರೆಯಲು ಕೂರುವವನು. ಅಂಥವನು ಒಂದು ಮಧ್ಯಾಹ್ನ ಅವರ ಮನೆಗೆ ಹೋದರೆ, ಮಾವ ಕಾರ್ಪೆಟ್ಟಿನ ಮೇಲೆ ಅಂಗಾತ ಬಿದ್ದಿದ್ದಾರೆ. ಕಣ್ಣು ತೆರೆದಿದೆ, ಉಸಿರಿಲ್ಲ. ಆಂಬುಲೆನ್ಸಿಗೆ ಫೋನ್ ಮಾಡಿದೆ. ಅತ್ತೆ ಅಡುಗೆಮನೆಯಿಂದ ಇಣುಕಲೂ ಇಲ್ಲ.

"ಕಾಫಿ ಆಯ್ತು ಅನ್ನೋ, ಏಳ್ತಾರೆ. ಆಗಾಗ ಸಾಯ್ತಾ ಇರದಿದ್ರೆ ಅಭ್ಯಾಸ ತಪ್ಪಿಹೋಗುತ್ತಂತೆ."

ಎದ್ದರು. ಗಾಬರಿಯಲ್ಲಿ ನಾನು ಕೊಟ್ಟದ್ದು ನನ್ನ ಮನೆಯ ವಿಳಾಸ. ಆಂಬುಲೆನ್ಸಿನವರು ಹೋಗಿ ನನ್ನ ಹೆಂಡತಿಯನ್ನು ಹೆದರಿಸಿ ಬಂದರು.

ಹೋದ ತಿಂಗಳು ಡಾಕ್ಟರು, ಮಾವನ ಹೃದಯದ ಕವಾಟ ಬದಲಿಸಲೇಬೇಕು ಎಂದರು. ಈ ವಯಸ್ಸಿಗೆ ದೇಹ ಆಪರೇಷನ್ ತಡೆದುಕೊಳ್ಳದೆಯೂ ಇರಬಹುದು ಎಂದರು. ಆಪರೇಷನ್ ದಿನ ಮಗಳು ಕೌಂಟರಿನಲ್ಲಿ ಫಾರಂ ತುಂಬುತ್ತಿದ್ದಳು. ಆಪರೇಷನ್ ಕೋಣೆಯ ಬಾಗಿಲಲ್ಲಿ ಮಾವ, ಅತ್ತೆಯಿಂದಲೇ ಕಲಿತ ಕನ್ನಡದಲ್ಲಿ, "ಸರಿ, ನಾನು ಹೋಗ್ತೀನಿ" ಎಂದರು.

ಅತ್ತೆ ಗಾಲಿಮಂಚದ ಕಂಬಿ ಹಿಡಿದುಕೊಂಡರು. "ಹಾಗನ್ಬೇಡಿ. ಬರ್ತೀನಿ ಅನ್ನಿ."

"ಹೋಗ್ತಾ ಇದೀನಲ್ಲ? ಬರ್ತೀನಿ ಅಂದ್ರೆ ತಪ್ಪಾಗುತ್ತೆ."

"ನಮ್ಮಲ್ಲಿ ಹೋಗೋವಾಗ ಬರ್ತೀನಿ ಅಂತಾನೇ ಹೇಳೋದು ರೀ. ಎಷ್ಟು ವರ್ಷದಿಂದ ಹೇಳ್ಕೊಡ್ತಿದೀನಿ."

ನರ್ಸ್ ಗಡಿಯಾರ ನೋಡಿದಳು. ಅತ್ತೆ ಕಂಬಿ ಬಿಡಲಿಲ್ಲ. ಮಾವ ಆ ಕೈ ಮೇಲೆ ಕೈಯಿಟ್ಟು, "ಬರ್ತೀನಿ ಕಣೇ" ಎಂದರು.

ಐದು ಗಂಟೆ ಕಾದೆವು. ಯಾರ್ಯಾರಿಗೆ ಫೋನ್ ಮಾಡಬೇಕಾಗಬಹುದು ಎಂದು ನಾನು ಮನಸ್ಸಿನಲ್ಲೇ ಪಟ್ಟಿ ಮಾಡಿಬಿಟ್ಟಿದ್ದೆ. ಹೇಳಿಕೊಳ್ಳಲು ನಾಚಿಕೆಯಾಗುತ್ತದೆ. ಅತ್ತೆ ಮುಚ್ಚಿದ ಬಾಗಿಲನ್ನೇ ನೋಡುತ್ತ ಕೂತಿದ್ದರು.

ಸಂಜೆ ನಮ್ಮನ್ನು ಒಳಗೆ ಬಿಟ್ಟರು. ಬಾಯಲ್ಲಿ ನಳಿಕೆ ಇದ್ದುದರಿಂದ ಮಾವ ಮಾತಾಡುವಂತಿರಲಿಲ್ಲ. ರೆಪ್ಪೆ ಮಾತ್ರ ಬಡಿಯುತ್ತಿತ್ತು. ಅತ್ತೆ ಹತ್ತಿರ ಹೋಗಿ, ಕೆಲಸ ಮುಗಿಸಿ ಮನೆಗೆ ಬಂದವರನ್ನು ಕೇಳುವ ಹಾಗೆ ಕೇಳಿದರು:

"ಬಂದ್ರಾ?"

ಮಾವ ಮೆಲ್ಲಗೆ ತಲೆಯಾಡಿಸಿದರು. ಅತ್ತೆ ಆಮೇಲೆ ಅತ್ತರು.